ಕಾಗೋಡಿನಿಂದ ಗ್ಯಾರಂಟಿವರೆಗೆ: ಸಮಾಜವಾದ, ಪಕ್ಷಗಳು, ಸಮಾನತೆ ಬಗ್ಗೆ ಮಲೆನಾಡಿನಲ್ಲಿ ಪದೇ ಪದೇ ಕೇಳುವ ಪ್ರಶ್ನೆಗಳು

ಸಾಗರ, ಸೊರಬ, ಹೊಸನಗರ, ತೀರ್ಥಹಳ್ಳಿ ಕಡೆ ರಾಜಕೀಯದ ಮಾತು ಎಲ್ಲೇ ಶುರುವಾದರೂ ಹತ್ತು ನಿಮಿಷದಲ್ಲಿ ಸಮಾಜವಾದಿ ಶಾಸಕರಾಗಿದ್ದ ಶಾಂತವೇರಿ ಗೋಪಾಲಗೌಡರ ಹೆಸರು ಬರುತ್ತದೆ. ಮಾತು ಬಿಸಿಯಾದರೆ ಸಮಾಜವಾದಿ ನಾಯಕ ರಾಮಮನೋಹರ ಲೋಹಿಯಾ ಹೆಸರೂ ಬರುತ್ತದೆ. ಹಿರಿಯರಿಗೆ ಇದೆಲ್ಲ ಬಾಯಿಪಾಠ. ಕಾಲೇಜಿಗೆ ಹೋಗುವ ಹುಡುಗ ಹುಡುಗಿಯರು ಮಾತ್ರ ಆಮೇಲೆ ಪಕ್ಕಕ್ಕೆ ಕರೆದು ಕೇಳುತ್ತಾರೆ, ಇವರೆಲ್ಲ ನಿಜವಾಗಿ ಮಾಡಿದ್ದೇನು ಅಂತ. ಅಂಥ ಪ್ರಶ್ನೆಗಳು ಇಲ್ಲಿವೆ. ಉತ್ತರಗಳಲ್ಲಿ ನನ್ನ ಒಲವೂ ಇದೆ, ಅದನ್ನು ಮುಚ್ಚಿಡುವುದಿಲ್ಲ.

ಸೋಷಿಯಲ್ ಡೆಮಾಕ್ರಸಿ ಅಂದರೆ ಕಮ್ಯುನಿಸಂ ತಾನೆ?

ಅಲ್ಲ. ಎರಡೂ 19ನೇ ಶತಮಾನದ ಯುರೋಪಿನ ಕಾರ್ಮಿಕ ಚಳವಳಿಯಿಂದಲೇ ಬಂದವು, ನಿಜ. ಆಮೇಲೆ ದಾರಿ ಬೇರೆಯಾಯಿತು. ಜರ್ಮನಿಯ ಎಡ್ವರ್ಡ್ ಬರ್ನ್‌ಸ್ಟೈನ್ 1899ರಲ್ಲಿ ಒಂದು ವಾದ ಮುಂದಿಟ್ಟ. ಕ್ರಾಂತಿಗೆ ಕಾಯುತ್ತ ಕೂರುವುದು ಬೇಡ. ಓಟು, ಸಂಘ, ಕಾನೂನು ಹಿಡಿದುಕೊಂಡೇ ಹಂತ ಹಂತವಾಗಿ ಸಮಾನತೆ ತರಬಹುದು ಎಂದ. ರೋಸಾ ಲಕ್ಸೆಂಬರ್ಗ್ ಅವನ ಜೊತೆ ಜೋರಾಗಿ ಜಗಳಕ್ಕೆ ನಿಂತಳು. ಆ ಜಗಳ ಇವತ್ತಿಗೂ ಮುಗಿದಿಲ್ಲ.

ಚುನಾವಣೆ ಇರಬೇಕು, ಪತ್ರಿಕೆ ಇರಬೇಕು, ವಿರೋಧ ಪಕ್ಷ ಇರಬೇಕು. ಜೊತೆಗೆ ಶಾಲೆ, ಆಸ್ಪತ್ರೆ, ಪಿಂಚಣಿ, ದುಡಿಮೆಗೆ ತಕ್ಕ ಕೂಲಿ ಎಲ್ಲರಿಗೂ ಹಕ್ಕಾಗಿ ಸಿಗಬೇಕು. ಅದರ ಖರ್ಚನ್ನು ಇದ್ದವರ ತೆರಿಗೆಯಿಂದ ತುಂಬಬೇಕು. ಸೋಷಿಯಲ್ ಡೆಮಾಕ್ರಸಿ ಅಂದರೆ ಇಷ್ಟೇ.

ನಮ್ಮ ಸಂವಿಧಾನದಲ್ಲಿ ಇದು ಇದೆಯಾ?

ಇದೆ. 1949ರ ನವೆಂಬರ್ 25ರಂದು ಸಂವಿಧಾನ ಸಭೆಯಲ್ಲಿ ಅಂಬೇಡ್ಕರ್ ಈ ವಿಷಯವನ್ನೇ ಎತ್ತಿ ಮಾತಾಡಿದರು. ಒಬ್ಬರಿಗೆ ಒಂದು ಓಟು ಅನ್ನುವ ರಾಜಕೀಯ ಸಮಾನತೆ ಬರುತ್ತದೆ, ಆದರೆ ಊರಲ್ಲಿ, ಕೇರಿಯಲ್ಲಿ, ಜಮೀನಿನಲ್ಲಿ ಅಸಮಾನತೆ ಹಾಗೇ ಉಳಿಯುತ್ತದೆ, ಈ ವಿರೋಧಾಭಾಸವನ್ನು ಬೇಗ ಸರಿಮಾಡದಿದ್ದರೆ ಪ್ರಜಾಪ್ರಭುತ್ವವೇ ಉಳಿಯುವುದಿಲ್ಲ ಎಂಬುದು ಅವರ ಮಾತಿನ ಸಾರ.

ಪೀಠಿಕೆಗೆ ‘ಸಮಾಜವಾದಿ’ ಅನ್ನುವ ಪದ ಸೇರಿದ್ದು 1976ರ 42ನೇ ತಿದ್ದುಪಡಿಯಲ್ಲಿ. ಇನ್ನೊಂದು ಸಂಗತಿ ಜಾಸ್ತಿ ಜನಕ್ಕೆ ಗೊತ್ತಿಲ್ಲ. 1989ರಿಂದ ಚುನಾವಣಾ ಆಯೋಗದಲ್ಲಿ ನೋಂದಣಿ ಮಾಡಿಸುವ ಪ್ರತಿ ಪಕ್ಷವೂ ಸಮಾಜವಾದಕ್ಕೆ ನಿಷ್ಠೆ ಇದೆ ಅಂತ ಬರೆದುಕೊಡಲೇಬೇಕು. ಬಲ, ಎಡ, ನಡು, ಯಾರೇ ಆಗಲಿ. ಬರೆದುಕೊಟ್ಟವರಲ್ಲಿ ಎಷ್ಟು ಮಂದಿ ಅದನ್ನು ಓದಿದ್ದಾರೋ!

ಭಾರತದಲ್ಲಿ ಸಮಾಜವಾದಿ ಪಕ್ಷ ಹುಟ್ಟಿದ್ದು ಹೇಗೆ?

ಕಾಂಗ್ರೆಸ್ಸಿನ ಒಳಗೇ. 1934ರಲ್ಲಿ ಕಾಂಗ್ರೆಸ್ ಸೋಷಲಿಸ್ಟ್ ಪಕ್ಷ ಶುರುವಾಯಿತು. ಜಯಪ್ರಕಾಶ ನಾರಾಯಣ, ನರೇಂದ್ರ ದೇವ, ಲೋಹಿಯಾ, ನಮ್ಮ ಮಂಗಳೂರಿನ ಕಮಲಾದೇವಿ ಚಟ್ಟೋಪಾಧ್ಯಾಯ, ಎಲ್ಲ ಅದರಲ್ಲಿದ್ದರು. 1948ರಲ್ಲಿ ಹೊರಬಂದರು. ಆಮೇಲೆ ಒಡೆದರು, ಸೇರಿದರು, ಮತ್ತೆ ಒಡೆದರು. ಪ್ರಜಾ ಸೋಷಲಿಸ್ಟ್ ಪಕ್ಷ (ಪಿಎಸ್‌ಪಿ), ಸಂಯುಕ್ತ ಸೋಷಲಿಸ್ಟ್ ಪಕ್ಷ (ಎಸ್‌ಎಸ್‌ಪಿ) ಅಂತ ಹೆಸರು ಬದಲಾಗುತ್ತ ಬಂತು. 1977ರಲ್ಲಿ ಜನತಾ ಪಕ್ಷದಲ್ಲಿ ಕರಗಿದರು. ಎಲ್ಲ ಒಡಕುಗಳ ಪಟ್ಟಿ ಕೊಟ್ಟರೆ ನಿಮಗೂ ತಲೆನೋವು, ನನಗೂ ತಲೆನೋವು.

ಇದೆಲ್ಲ ಮಲೆನಾಡಿನಲ್ಲೇ ಯಾಕೆ ಬೇರು ಬಿಟ್ಟಿತು?

ಮೊದಲ ಕಾರಣ ಗೇಣಿ, ಅಂದರೆ ಉಳುವವನು ಜಮೀನಿನ ಒಡೆಯನಿಗೆ ಬೆಳೆಯಲ್ಲಿ ಕೊಡುವ ಪಾಲು. ಇಲ್ಲಿ ಗದ್ದೆ, ತೋಟದ ಒಡೆಯ ಒಬ್ಬ, ಉಳುವವನು ಇನ್ನೊಬ್ಬ. ಸಾಗರ, ಸೊರಬ ಕಡೆ ಉಳುವವರಲ್ಲಿ ದೀವರು ಜಾಸ್ತಿ. ಒಂದೇ ಸಮುದಾಯದ ನೂರಾರು ಮನೆಗಳಿಗೆ ಒಂದೇ ತರಹದ ಕಷ್ಟ. ಸಂಘ ಕಟ್ಟಲು ಇದು ಅನುಕೂಲವಾಯಿತು.

ಎರಡನೆಯದು 1942. ಶಿಕಾರಿಪುರ ತಾಲ್ಲೂಕಿನ ಈಸೂರು ಬ್ರಿಟಿಷರ ವಿರುದ್ಧ ಎದ್ದು ನಿಂತ ಊರು. ಆ ವರ್ಷ ಜೈಲಿಗೆ ಹೋದ ಈ ಕಡೆಯ ವಿದ್ಯಾರ್ಥಿಗಳಲ್ಲಿ ಹಲವರು ಸಮಾಜವಾದಿಗಳಾಗಿ ಹೊರಬಂದರು. ಶಾಂತವೇರಿ ಗೋಪಾಲಗೌಡರೂ ಆ ಸಾಲಿನವರೇ. ಸ್ವಾತಂತ್ರ್ಯ ಬಂದ ಮೇಲೂ ಭತ್ತ ಬಡಿಯುವ ಕಣದಲ್ಲಿ ಏನೂ ಬದಲಾಗಲಿಲ್ಲ ಅನ್ನುವುದು ಅವರ ಕಣ್ಣಿಗೆ ಬೇಗ ಬಿತ್ತು.

ಕಾಗೋಡಿನಲ್ಲಿ ನಿಜವಾಗಿ ಏನಾಯಿತು?

ಸ್ವಲ್ಪ ಬಿಡಿಸಿ ಹೇಳುತ್ತೇನೆ. ಇಲ್ಲಿ ಕಥೆ ಜಾಸ್ತಿ, ವಿವರ ಕಮ್ಮಿ ಆಗಿಬಿಟ್ಟಿದೆ.

ಕಾಗೋಡು ಸಾಗರ ತಾಲ್ಲೂಕಿನ ಹಳ್ಳಿ. ಸುಗ್ಗಿಯಲ್ಲಿ ಭತ್ತ ಬಡಿದು ರಾಶಿ ಮಾಡಿದ ಮೇಲೆ ಒಡೆಯರ ಪಾಲು ಅಳೆದು ಕೊಡಬೇಕಿತ್ತು. ಅಳೆಯುವುದು ಕೊಳಗ ಅನ್ನುವ ಅಳತೆ ಪಾತ್ರೆಯಲ್ಲಿ. ಆ ಕೊಳಗ ಯಾರದು? ಒಡೆಯರದೇ. ಸರ್ಕಾರ ಒಪ್ಪಿದ ಅಳತೆಗಿಂತ ಅದು ದೊಡ್ಡದು. ಲೆಕ್ಕ ಹಾಕಿ ನೋಡಿ. ಒಂದು ಕೊಳಗಕ್ಕೆ ಬರೀ ಅರ್ಧ ಸೇರು ಜಾಸ್ತಿ ಅಂದುಕೊಂಡರೂ 100 ಕೊಳಗ ಅಳೆಯುವಷ್ಟರಲ್ಲಿ 50 ಸೇರು ಹೋಯಿತು. ಬಾಯಲ್ಲಿ ಗೇಣಿ ಏರಿಸಿಲ್ಲ, ಪಾತ್ರೆಯಲ್ಲಿ ಏರಿಸಿದ್ದಾರೆ. ಕೊಟ್ಟಿದ್ದಕ್ಕೆ ರಸೀದಿಯೂ ಇಲ್ಲ. ಮುಂದಿನ ವರ್ಷ ‘ನೀನು ಬಾಕಿ ಇಟ್ಟಿದ್ದೀಯ’ ಅಂದರೆ ತೋರಿಸಲು ಒಂದು ಚೂರು ಕಾಗದವಿಲ್ಲ. ಇದರ ಮೇಲೆ ಬಿಟ್ಟಿ ಚಾಕರಿ ಬೇರೆ. ಒಡೆಯರ ಎದುರು ಹೇಗೆ ನಿಲ್ಲಬೇಕು, ಏನು ಉಡಬೇಕು ಅನ್ನುವುದಕ್ಕೂ ಕಟ್ಟುಪಾಡು.

ಶಾಲಾ ಮೇಷ್ಟ್ರಾಗಿದ್ದ ಎಚ್. ಗಣಪತಿಯಪ್ಪ ಸಾಗರ ತಾಲ್ಲೂಕಿನಲ್ಲಿ ರೈತ ಸಂಘ ಕಟ್ಟಿದರು. ರೈತರು ಕೇಳಿದ್ದು ಜಮೀನಲ್ಲ, ಇದನ್ನು ಗಮನಿಸಬೇಕು. ಸರಿಯಾದ ಕೊಳಗ ಇಡಿ, ರಸೀದಿ ಕೊಡಿ ಅಂದರು. ಅಷ್ಟಕ್ಕೇ ಒಡೆಯರು ಇನ್ನು ಗದ್ದೆಗೆ ಇಳಿಯಬೇಡಿ ಅಂದರು. 1951ರ ಏಪ್ರಿಲ್ 18ರಂದು ರೈತರು ನೇಗಿಲು ಹಿಡಿದು ಅದೇ ಗದ್ದೆಗೆ ಇಳಿದರು. ಪೊಲೀಸರು ಹಿಡಿದುಕೊಂಡು ಹೋದರು. ಮರುದಿನ ಇನ್ನೊಂದು ತಂಡ ಇಳಿಯಿತು. ಹೆಂಗಸರೂ ಇಳಿದರು. ಸಮಾಜವಾದಿ ಪಕ್ಷ ಬೆನ್ನಿಗೆ ನಿಂತಿತು. ಜೂನ್ ತಿಂಗಳಲ್ಲಿ ಲೋಹಿಯಾ ಬಂದು ಸತ್ಯಾಗ್ರಹ ಮಾಡಿದರು. ಅವರನ್ನೂ ಬಂಧಿಸಿದರು. ದೆಹಲಿಯ ಪತ್ರಿಕೆಗಳಿಗೂ ಆಗ ಕಾಗೋಡಿನ ಹೆಸರು ತಲುಪಿತು.

ಹಾಗಾದರೆ ಗೆದ್ದರಾ?

ಆ ವರ್ಷ ಗೆದ್ದರು ಅನ್ನಲು ಆಗುವುದಿಲ್ಲ. ಜೈಲು ಕಂಡರು, ಗದ್ದೆ ಕಳೆದುಕೊಂಡರು, ಮನೆಯಲ್ಲಿ ಅನ್ನಕ್ಕೆ ತತ್ವಾರವಾಯಿತು. ಭಾಷಣಗಳಲ್ಲಿ ಈ ಭಾಗವನ್ನು ಹಾರಿಸಿಬಿಡುತ್ತಾರೆ. ಆದರೆ ಗೇಣಿ ಅನ್ನುವುದು ಒಡೆಯ ಮತ್ತು ಒಕ್ಕಲಿನ ಮನೆ ವ್ಯವಹಾರ ಅನ್ನುವ ಮಾತು ಅಲ್ಲಿಗೆ ಮುಗಿಯಿತು. ಅದು ವಿಧಾನಸಭೆಯ ವಿಷಯವಾಯಿತು. ಮರುವರ್ಷವೇ, 1952ರಲ್ಲಿ, ಮೈಸೂರು ಗೇಣಿ ಕಾಯಿದೆ ಬಂತು. ಕಂದಾಯ ಮಂತ್ರಿ ತೀರ್ಥಹಳ್ಳಿಯ ಕಡಿದಾಳ್ ಮಂಜಪ್ಪ, ಕಾಂಗ್ರೆಸ್ಸಿನವರು.

ಗೋಪಾಲಗೌಡರನ್ನು ಎಲ್ಲ ಪಕ್ಷದವರೂ ಹೊಗಳುತ್ತಾರಲ್ಲ, ಯಾಕೆ?

ತೀರಿಕೊಂಡವರನ್ನು ಹೊಗಳಲು ಖರ್ಚಿಲ್ಲ, ಅದು ಒಂದು ಕಾರಣ! ಇನ್ನೊಂದು ಕಾರಣ ನಿಜವಾದದ್ದು.

ಅವರು ಹುಟ್ಟಿದ್ದು 1923ರಲ್ಲಿ, ತೀರ್ಥಹಳ್ಳಿ ತಾಲ್ಲೂಕಿನ ಆರಗದಲ್ಲಿ. 1952ರ ಮೊದಲ ಚುನಾವಣೆಯಲ್ಲಿ ಸಾಗರ-ಹೊಸನಗರದಿಂದ ನಿಂತರು. ಎದುರಾಳಿ ಕಾಂಗ್ರೆಸ್ಸಿನ ಎ.ಆರ್. ಬದರಿನಾರಾಯಣ್. ಹಣವಿಲ್ಲ, ಕಾರಿಲ್ಲ. ‘ಒಂದು ಓಟು, ಒಂದು ನೋಟು’ ಅಂತ ಜನರ ಬಳಿಯೇ ಕೇಳಿದರು. ಗೆದ್ದರು. 1957ರಲ್ಲಿ ಸೋತರು. 1962, 1967ರಲ್ಲಿ ಮತ್ತೆ ಗೆದ್ದರು. 1972ರ ಜೂನ್ 9ರಂದು ತೀರಿಕೊಂಡರು, ಇನ್ನೂ 50 ತುಂಬಿರಲಿಲ್ಲ. ಒಮ್ಮೆಯೂ ಮಂತ್ರಿಯಾಗಲಿಲ್ಲ. ಒಬ್ಬ ಶಾಸಕ ಓಟು ಹಾಕುವವನಿಂದಲೇ ದುಡ್ಡು ಪಡೆದು ಗೆದ್ದ ಅನ್ನುವುದನ್ನು ಈಗಿನ ಹುಡುಗರಿಗೆ ಹೇಳಿದರೆ ಉಲ್ಟಾ ಕೇಳಿಸಿಕೊಳ್ಳುತ್ತಾರೆ.

ಗೇಣಿ ತೆಗೆದದ್ದು ದೇವರಾಜ ಅರಸು. ಸಮಾಜವಾದಿಗಳಿಗೆ ಯಾಕೆ ಹೆಸರು?

ಒಳ್ಳೆ ಪ್ರಶ್ನೆ. ಸಮಾಜವಾದಿಗಳು ಒಮ್ಮೆಯೂ ಸ್ವಂತ ಬಲದಲ್ಲಿ ರಾಜ್ಯ ಆಳಲಿಲ್ಲ. ಕಾನೂನು ಮಾಡಿದ್ದು ಕಾಂಗ್ರೆಸ್. 1961ರ ಭೂಸುಧಾರಣೆ ಕಾಯಿದೆ ಮೊದಲೇ ಇತ್ತು, ಅದರಲ್ಲಿ ತಪ್ಪಿಸಿಕೊಳ್ಳುವ ಕಿಂಡಿಗಳೂ ಇದ್ದವು. ಅರಸು ಸರ್ಕಾರದ ತಿದ್ದುಪಡಿ 1974ರ ಮಾರ್ಚ್ 1ರಿಂದ ಜಾರಿಗೆ ಬಂತು. ಅಂದು ಗೇಣಿಯಲ್ಲಿದ್ದ ಜಮೀನೆಲ್ಲ ಮೊದಲು ಸರ್ಕಾರಕ್ಕೆ ಸೇರಿತು, ಅಲ್ಲಿಂದ ಉಳುವವನಿಗೆ.

ಬೀದಿಯಲ್ಲಿ 20 ವರ್ಷ ಕೂಗಿದವರು ಇಲ್ಲದಿದ್ದರೆ ಅರಸು ಕೈಗೆ ಆ ಧೈರ್ಯ ಬರುತ್ತಿರಲಿಲ್ಲ. ಅರಸು ಇಲ್ಲದಿದ್ದರೆ ಆ ಕೂಗು ಪಹಣಿಗೆ, ಅಂದರೆ ಜಮೀನಿನ ದಾಖಲೆಗೆ, ಇಳಿಯುತ್ತಿರಲಿಲ್ಲ. ಪಕ್ಷವನ್ನು ಅಳೆಯಲು ನಾನು ಒಂದೇ ಪ್ರಶ್ನೆ ಕೇಳುತ್ತೇನೆ: ನಿನ್ನೆವರೆಗೆ ಯಾರದೋ ದಯೆಯಾಗಿದ್ದದ್ದು ಇವರ ಕಾಲದಲ್ಲಿ ಜನರ ಹಕ್ಕಾಯಿತಾ? ಬಾವುಟದ ಬಣ್ಣ ಆಮೇಲಿನ ಮಾತು.

‘ಡಿಕ್ಲರೇಷನ್ ಹಾಕೋದು’ ಅಂತ ಅಜ್ಜ ಹೇಳುತ್ತಿದ್ದರು. ಅದೇನು?

ನಮೂನೆ 7ರ ಅರ್ಜಿ. ‘ಈ ಸರ್ವೆ ನಂಬರಿನ ಜಮೀನನ್ನು ನಾನು ಗೇಣಿಗೆ ಉಳುತ್ತಿದ್ದೇನೆ, ನನ್ನ ಹೆಸರಿಗೆ ಮಾಡಿಕೊಡಿ’ ಅಂತ ಭೂನ್ಯಾಯ ಮಂಡಳಿಗೆ ಕೊಡುವುದು. ಮಂಡಳಿಯಲ್ಲಿ ಅಸಿಸ್ಟೆಂಟ್ ಕಮಿಷನರ್ ಅಧ್ಯಕ್ಷ, ಜೊತೆಗೆ ಸರ್ಕಾರ ನೇಮಿಸಿದ ಸದಸ್ಯರು. ಅವರಲ್ಲಿ ಒಬ್ಬರಾದರೂ ಪರಿಶಿಷ್ಟ ಜಾತಿ ಅಥವಾ ಪಂಗಡದವರು ಇರಬೇಕಿತ್ತು. ಶುರುವಿನಲ್ಲಿ ವಕೀಲರಿಗೆ ಒಳಗೆ ಪ್ರವೇಶವಿರಲಿಲ್ಲ. ಒಡೆಯ ದೊಡ್ಡ ವಕೀಲನನ್ನು ತಂದು ನಿಲ್ಲಿಸಿದರೆ ಉಳುವವನು ಬಾಯಿ ಬಿಡುವುದಾದರೂ ಹೇಗೆ? ಕಾನೂನು ಬರೆದವರಿಗೆ ಊರು ಗೊತ್ತಿತ್ತು ಅನ್ನಿಸುವುದು ಇಂಥ ಕಡೆ.

ಅರ್ಜಿಯ ಹಿಂದೆ ಎಷ್ಟು ಹೆದರಿಕೆ ಇತ್ತು ಅನ್ನುವುದು ಫೈಲಿನಲ್ಲಿ ಕಾಣುವುದಿಲ್ಲ. ನಾಳೆ ಮಗಳ ಮದುವೆಗೆ ಸಾಲ ಕೊಡುವವನೂ ಅದೇ ಒಡೆಯ. ‘ಅವರ ಅನ್ನ ಉಂಡು ಅವರ ಮೇಲೇ ಡಿಕ್ಲರೇಷನ್ ಹಾಕೋದಾ’ ಅಂತ ಹಿಂದೆ ಸರಿದವರು ಪ್ರತಿ ಊರಲ್ಲೂ ಸಿಗುತ್ತಾರೆ. ಅವರ ಮೊಮ್ಮಕ್ಕಳು ಇವತ್ತು ಅದೇ ತೋಟದಲ್ಲಿ ಕೊನೆಗೌಡರಾಗಿ ಅಡಿಕೆ ಮರ ಹತ್ತುತ್ತಿದ್ದಾರೆ. ಹಾಕಿದವರ ಮೊಮ್ಮಕ್ಕಳು ಎಕರೆ, ಎರಡೆಕರೆಯ ಬೆಳೆಗಾರರು.

ಜಮೀನು ಕಳೆದುಕೊಂಡವರೆಲ್ಲ ದೊಡ್ಡ ಧಣಿಗಳಾ?

ಇಲ್ಲ. ಗಂಡ ಸತ್ತ ಹೆಂಗಸರು, ಒಂದೆರಡು ಎಕರೆ ಗೇಣಿಗೆ ಕೊಟ್ಟು ಪೇಟೆಯಲ್ಲಿ ಮೇಷ್ಟ್ರಾಗಿದ್ದವರು, ಸಣ್ಣ ದೇವಸ್ಥಾನಗಳು, ಇಂಥವರೂ ಕಳೆದುಕೊಂಡರು. ಸರ್ಕಾರದ ಪರಿಹಾರ ಸಣ್ಣದಿತ್ತು, ನಿಧಾನಕ್ಕೆ ಬಂತು. ಆ ಮನೆಗಳಲ್ಲಿ ಕಹಿ ಇನ್ನೂ ಇದೆ, ಇರುವುದು ಸಹಜ. ಗೇಣಿ ಪದ್ಧತಿ ಹೋಗಬೇಕಿತ್ತು ಅನ್ನುವುದರಲ್ಲಿ ನನಗೆ ಅನುಮಾನವಿಲ್ಲ. ಆದರೆ ಇವರ ಕಷ್ಟವನ್ನು ಸಮಾಜವಾದಿಗಳು ಜಾಸ್ತಿ ಮಾತಾಡಲಿಲ್ಲ ಅನ್ನುವುದೂ ನಿಜ.

ದಲಿತರಿಗೆ ಏನು ಸಿಕ್ಕಿತು?

ಕಡಿಮೆ. ಕಾನೂನು ಹೇಳಿದ್ದು ಉಳುವವನೇ ಒಡೆಯ ಅಂತ. ಗೇಣಿದಾರನ ಕೆಳಗೆ ಕೂಲಿಗೆ ಬಂದವನ ಹೆಸರು ಎಲ್ಲಿ ಬರುತ್ತದೆ? ಅವನು ಉತ್ತರೂ ಕಾನೂನಿನ ಕಣ್ಣಿಗೆ ಉಳುವವನಲ್ಲ. ಮಲೆನಾಡಿನ ಸಮಾಜವಾದದ ದೊಡ್ಡ ಕೊರತೆ ಇದೇ. ನಡುವಿನವರು ಮೇಲೆದ್ದರು, ತಳದವರು ಅಲ್ಲೇ ಉಳಿದರು.

ಬೇರೆ ಕಾನೂನುಗಳು ಬಂದವು. 1976ರಲ್ಲಿ ಜೀತ ನಿಷೇಧವಾಯಿತು. ಪರಿಶಿಷ್ಟರಿಗೆ ಮಂಜೂರಾದ ಜಮೀನನ್ನು ಬೇರೆಯವರು ಬರೆಸಿಕೊಳ್ಳದಂತೆ ತಡೆಯುವ ಪಿಟಿಸಿಎಲ್ ಕಾಯಿದೆ 1978ರದ್ದು. ಆದರೆ ದನಿ ಬಂದದ್ದು ಅವರದೇ ಸಂಘಟನೆಯಿಂದ. ಭದ್ರಾವತಿಯಲ್ಲಿ ಕಾಲೇಜು ಅಧ್ಯಾಪಕರಾಗಿದ್ದ ಬಿ. ಕೃಷ್ಣಪ್ಪ 1970ರ ದಶಕದಲ್ಲಿ ದಲಿತ ಸಂಘರ್ಷ ಸಮಿತಿ ಕಟ್ಟಿದರು. 1986ರಲ್ಲಿ ಸೊರಬ ತಾಲ್ಲೂಕಿನ ಚಂದ್ರಗುತ್ತಿಯಲ್ಲಿ ಬೆತ್ತಲೆ ಸೇವೆ ತಡೆಯಲು ಹೋದ ಕಾರ್ಯಕರ್ತರ ಮೇಲೆ, ಪೊಲೀಸರ ಮೇಲೆ ಹಲ್ಲೆಯಾಯಿತು. ಆ ಸೇವೆಗೆ ನಿಷೇಧ ಬಂದದ್ದು ಅದರ ನಂತರ.

ಹೆಂಗಸರ ಹೆಸರಿಗೆ ಜಮೀನು ಬಂತಾ?

ಅಪರೂಪಕ್ಕೆ. ಗದ್ದೆಗೆ ಇಳಿದು ಬಂಧನಕ್ಕೆ ಒಳಗಾದವರಲ್ಲಿ ಹೆಂಗಸರಿದ್ದರು, ಆದೇಶದಲ್ಲಿ ಮಾತ್ರ ಮನೆ ಯಜಮಾನನ ಹೆಸರು. ಲೋಹಿಯಾ ಹಿಂದುಳಿದವರಿಗೆ ನೂರಕ್ಕೆ 60 ಪಾಲು ಕೇಳಿದಾಗ ಎಲ್ಲ ಜಾತಿಯ ಹೆಂಗಸರನ್ನೂ ಅದರಲ್ಲಿ ಸೇರಿಸಿದ್ದರು. ಅವರ ಶಿಷ್ಯರಲ್ಲಿ ಜಾಸ್ತಿ ಜನ ಆ ಭಾಗವನ್ನು ಅರ್ಧಕ್ಕೇ ಕೇಳಿಸಿಕೊಂಡರು. ಹೆಂಗಸರಿಗೆ ಕುರ್ಚಿ ಕೊಟ್ಟದ್ದು ಪಂಚಾಯಿತಿ. 1980ರ ದಶಕದಲ್ಲಿ ಮಂತ್ರಿಯಾಗಿದ್ದ ಅಬ್ದುಲ್ ನಜೀರ್‌ಸಾಬ್ ತಂದ ವ್ಯವಸ್ಥೆಯಲ್ಲಿ ನೂರಕ್ಕೆ 25 ಸ್ಥಾನ ಮೀಸಲಿತ್ತು. ಈಗ 50.

ಆ ಸಮಾಜವಾದಿಗಳೆಲ್ಲ ಎಲ್ಲಿ ಹೋದರು?

ಎಲ್ಲ ಕಡೆ ಹೋದರು. ಜೆ.ಎಚ್. ಪಟೇಲರು 1967ರಲ್ಲಿ ಶಿವಮೊಗ್ಗದಿಂದ ಸಂಸದರಾದರು, ಲೋಕಸಭೆಯಲ್ಲಿ ಕನ್ನಡದಲ್ಲಿ ಮಾತಾಡಿದರು. 1996ರಲ್ಲಿ ಜನತಾದಳದಿಂದ ಮುಖ್ಯಮಂತ್ರಿಯಾದರು. ಸೊರಬದ ಬಂಗಾರಪ್ಪ ಸಮಾಜವಾದಿಯಾಗಿ ಶುರುಮಾಡಿ 1990ರಲ್ಲಿ ಕಾಂಗ್ರೆಸ್ ಮುಖ್ಯಮಂತ್ರಿಯಾದರು. ಆಮೇಲೆ ಅವರು ಕಟ್ಟಿದ, ಬಿಟ್ಟ ಪಕ್ಷಗಳನ್ನು ಎಣಿಸಲು ಎರಡೂ ಕೈ ಬೇಕು. ಕಾಗೋಡು ತಿಮ್ಮಪ್ಪ ಕಾಂಗ್ರೆಸ್ ಸೇರಿದರು, ಸ್ಪೀಕರ್ ಆದರು, ಕಂದಾಯ ಮಂತ್ರಿಯಾದರು. ಇನ್ನು ಕೆಲವರು ಪಕ್ಷವನ್ನೇ ಬಿಟ್ಟು 1980ರಲ್ಲಿ ರೈತ ಸಂಘ ಕಟ್ಟಿದರು. ಎಚ್.ಎಸ್. ರುದ್ರಪ್ಪ, ಎನ್.ಡಿ. ಸುಂದರೇಶ್, ಕಡಿದಾಳು ಶಾಮಣ್ಣ, ಎಲ್ಲ ಈ ಜಿಲ್ಲೆಯವರೇ.

ಪಕ್ಷ ಯಾಕೆ ಉಳಿಯಲಿಲ್ಲ? ನಾಯಕರು ಜಾಸ್ತಿ, ಕಚೇರಿ ಕಮ್ಮಿ. ಎಲ್ಲರೂ ಭಾಷಣಕಾರರು, ಸದಸ್ಯತ್ವದ ಪುಸ್ತಕ ಬರೆಯುವವರು ಯಾರೂ ಇಲ್ಲ. ಮತ್ತೆ, ಜಮೀನು ಸಿಕ್ಕಿದ ರೈತನಿಗೆ ಮುಂದಿನ ಪ್ರಶ್ನೆ ಅಡಿಕೆ ರೇಟು. ಅದಕ್ಕೆ ಸಮಾಜವಾದಿಗಳ ಹತ್ತಿರ ಘೋಷಣೆ ಇರಲಿಲ್ಲ.

ಶರಾವತಿ ಮುಳುಗಡೆಯವರಿಗೂ ಈ ಹೋರಾಟಕ್ಕೂ ಸಂಬಂಧ ಇದೆಯಾ?

ಇದೆ, ಈಗ ಅದೇ ದೊಡ್ಡ ಪ್ರಶ್ನೆ. 1964ರಲ್ಲಿ ಶರಾವತಿ ನದಿಯ ಲಿಂಗನಮಕ್ಕಿ ಅಣೆಕಟ್ಟು ಮುಗಿಯಿತು. ನಾಡಿಗೆಲ್ಲ ಕರೆಂಟು ಬಂತು. ಮುಳುಗಿದ ಊರುಗಳ ಜನರನ್ನು ಲಾರಿಯಲ್ಲಿ ತಂದು ಕಾಡಿನಲ್ಲಿ ಬಿಟ್ಟರು. ‘ಇಲ್ಲೇ ಸಾಗುವಳಿ ಮಾಡಿಕೊಳ್ಳಿ’ ಅಂದರು. ಕಾಗದದಲ್ಲಿ ಆ ನೆಲ ಕಾಡಾಗಿಯೇ ಉಳಿಯಿತು. 1980ರ ಅರಣ್ಯ ಸಂರಕ್ಷಣಾ ಕಾಯಿದೆ ಬಂದ ಮೇಲೆ ಕೇಂದ್ರದ ಒಪ್ಪಿಗೆ ಇಲ್ಲದೆ ರಾಜ್ಯ ಏನೂ ಮಾಡುವಂತಿಲ್ಲ.

2006ರ ಅರಣ್ಯ ಹಕ್ಕು ಕಾಯಿದೆ ಕೈಹಿಡಿಯಬಹುದು ಅಂದುಕೊಂಡರು. ಆದರೆ ಬುಡಕಟ್ಟಿನವರಲ್ಲದವರು 2005ರ ಡಿಸೆಂಬರ್ 13ಕ್ಕೆ ಮೊದಲು ಮೂರು ತಲೆಮಾರು, ಅಂದರೆ 75 ವರ್ಷ, ಅಲ್ಲಿದ್ದೆವು ಅಂತ ತೋರಿಸಬೇಕು. 1930ಕ್ಕೆ ಹೋಯಿತು ಲೆಕ್ಕ! ಸರ್ಕಾರವೇ 1960ರ ಸುಮಾರಿಗೆ ತಂದು ಬಿಟ್ಟವರು 1930ರ ದಾಖಲೆ ಎಲ್ಲಿಂದ ತರಬೇಕು? ಎಲ್ಲ ಪಕ್ಷದವರೂ ಚುನಾವಣೆಗೆ ಮೊದಲು ಹಕ್ಕುಪತ್ರದ ಮಾತಾಡುತ್ತಾರೆ. ಪಾದಯಾತ್ರೆಗಳೂ ಆಗಿವೆ.

ಗ್ಯಾರಂಟಿ ಯೋಜನೆಗಳು ಸೋಷಿಯಲ್ ಡೆಮಾಕ್ರಸಿಯಾ, ಬಿಟ್ಟಿ ಭಾಗ್ಯವಾ?

ಎರಡರ ನಡುವೆ ಎಲ್ಲೋ ಇವೆ. 2023ರ ಜೂನ್‌ನಲ್ಲಿ ಶುರುವಾದ ಶಕ್ತಿ ಯೋಜನೆ, ಅಂದರೆ ಹೆಂಗಸರಿಗೆ ಸರ್ಕಾರಿ ಬಸ್ಸಿನಲ್ಲಿ ಉಚಿತ ಪ್ರಯಾಣ, ನೋಡಿ. ರಾಜ್ಯದ ಹೆಂಗಸು ಅಂದರೆ ಸಾಕು. ಬಡವಳಾ, ಬಿಪಿಎಲ್ ಕಾರ್ಡ್ ಇದೆಯಾ ಅಂತ ಕಂಡಕ್ಟರ್ ಕೇಳುವಂತಿಲ್ಲ. ಯುರೋಪಿನ ಸೋಷಿಯಲ್ ಡೆಮಾಕ್ರಾಟರು ಇಷ್ಟಪಡುವುದು ಇದನ್ನೇ. ಎಲ್ಲರಿಗೂ ಕೊಟ್ಟರೆ ಯಾರೂ ಕೈಯೊಡ್ಡಿದಂತೆ ಆಗುವುದಿಲ್ಲ. ಯುವನಿಧಿ ಹಾಗಲ್ಲ. 2024ರ ಜನವರಿ 12ರಂದು ಶಿವಮೊಗ್ಗದಲ್ಲೇ ಅದಕ್ಕೆ ಚಾಲನೆ ಕೊಟ್ಟರು. ಕೆಲಸ ಸಿಗದ ಪದವೀಧರರಿಗೆ ತಿಂಗಳಿಗೆ 3000, ಡಿಪ್ಲೊಮಾ ಆದವರಿಗೆ 1500. ಷರತ್ತು ಜಾಸ್ತಿ, ಕಾಲಮಿತಿಯೂ ಇದೆ. ಕೆಲಸ ಕೊಡುವ ಮಾತು ಅದರಲ್ಲಿಲ್ಲ.

ಮಲೆನಾಡಿನ ಸಮಸ್ಯೆ ಬೇರೆ. ಉಚಿತ ಟಿಕೆಟ್ ಇದೆ, ಬಸ್ಸೇ ಇಲ್ಲ. ತೀರ್ಥಹಳ್ಳಿ, ಹೊಸನಗರದ ಎಷ್ಟೋ ಹಳ್ಳಿಗೆ ಹೋಗುವುದು ಖಾಸಗಿ ಬಸ್. ಅಲ್ಲಿ ಶಕ್ತಿ ನಡೆಯುವುದಿಲ್ಲ. ಬೆಂಗಳೂರಿನ ಹೆಂಗಸಿಗೆ ಸಿಕ್ಕಿದ್ದು ನಮ್ಮ ಕಡೆಯ ಕೂಲಿ ಹೆಂಗಸಿಗೆ ಸಿಗಲಿಲ್ಲ.

ಬಸ್ಸಿನ ಮಾತು ಬಂದದ್ದಕ್ಕೆ ಹೇಳುತ್ತೇನೆ. ಕೊಪ್ಪದಲ್ಲಿ ಒಂದು ಖಾಸಗಿ ಬಸ್ ಕಂಪನಿ ನಿಂತಾಗ ಅದರ ಕಾರ್ಮಿಕರೇ ಸೇರಿ 1991ರಲ್ಲಿ ಸಹಕಾರ ಸಾರಿಗೆ ಶುರುಮಾಡಿದರು. ಡ್ರೈವರ್, ಕಂಡಕ್ಟರ್‌ಗಳೇ ಮಾಲೀಕರು. ಹತ್ತಾರು ಬಸ್ ಆದವು. ಬೇರೆ ಯಾರೂ ಹೋಗದ ಘಟ್ಟದ ಹಳ್ಳಿಗಳಿಗೆ ಹೋದವು. ವಿದ್ಯಾರ್ಥಿಗಳಿಗೆ ರಿಯಾಯಿತಿ ಕೊಟ್ಟವು. ಸಾಲ, ಡೀಸೆಲ್ ಖರ್ಚು ತಡೆಯಲಾಗದೆ 2020ರಲ್ಲಿ ನಿಂತುಹೋಯಿತು. ಸಮಾಜವಾದ ಅಂದರೆ ಏನು ಅಂತ ಕೇಳುವವರಿಗೆ ನಾನು ಲೋಹಿಯಾ ಭಾಷಣಕ್ಕಿಂತ ಮೊದಲು ಈ ಬಸ್ಸಿನ ಕಥೆ ಹೇಳುತ್ತೇನೆ. ಅದು ನಿಲ್ಲುವಾಗ ಸರ್ಕಾರ ಕೈಕಟ್ಟಿ ಕೂತದ್ದನ್ನೂ ಹೇಳುತ್ತೇನೆ.

ಸ್ವೀಡನ್ ತರಹ ಇಲ್ಲಿ ಯಾಕೆ ಆಗಲಿಲ್ಲ?

ಅಲ್ಲಿ ಸೋಷಿಯಲ್ ಡೆಮಾಕ್ರಾಟರು 1932ರಿಂದ 1976ರವರೆಗೆ ಹೆಚ್ಚುಕಡಿಮೆ ಒಂದೇ ಸಮನೆ ಆಳಿದರು. ಹಿಂದೆ ಬಲವಾದ ಕಾರ್ಮಿಕ ಸಂಘಗಳಿದ್ದವು. ನಮ್ಮಲ್ಲಿ ಅಂಥ ಸಂಘ ಇದ್ದದ್ದು ಭದ್ರಾವತಿಯ ಉಕ್ಕು, ಕಾಗದದ ಕಾರ್ಖಾನೆಗಳಂಥ ಕಡೆ. ಕಾಗದದ ಕಾರ್ಖಾನೆ ನಿಂತೇ ಹೋಗಿದೆ. ಅಡಿಕೆ ಸುಲಿಯುವ ಹೆಂಗಸಿಗೆ, ಕೊನೆ ಕೊಯ್ಯುವವನಿಗೆ ಯಾವ ಸಂಘ? ಮರದಿಂದ ಬಿದ್ದರೆ ಯಾವ ಪಿಂಚಣಿ? ಜೊತೆಗೆ ಜಾತಿ. ಲೋಹಿಯಾ ಯುರೋಪಿನ ಮಾದರಿಯನ್ನು ಹಾಗೇ ತರಲು ಒಪ್ಪದಿದ್ದದ್ದು ಈ ಕಾರಣಕ್ಕೂ ಹೌದು.

ಭೂಸುಧಾರಣೆ ಕಾಯಿದೆಯ 2020ರ ತಿದ್ದುಪಡಿಯಿಂದ ಏನು ಬದಲಾಯಿತು?

ಕೃಷಿಕರಲ್ಲದವರೂ, ಎಷ್ಟೇ ಆದಾಯ ಇದ್ದವರೂ ಕೃಷಿ ಜಮೀನು ಕೊಳ್ಳಬಹುದು ಅಂತಾಯಿತು. ಅದನ್ನು ತಡೆಯುತ್ತಿದ್ದ 79ಎ, 79ಬಿ ಕಲಂ ತೆಗೆದರು. ಮಾರುವವನಿಗೆ ರೇಟು ಬಂತು ಅನ್ನುತ್ತಾರೆ. ಕೊಳ್ಳಬೇಕು ಅನ್ನುವ ಸಣ್ಣ ರೈತ ರೆಸಾರ್ಟಿನವರ ಜೊತೆ ಹರಾಜಿಗೆ ನಿಲ್ಲಬೇಕಾಯಿತು.

ಗೇಣಿ ಈಗ ಪೂರ್ತಿ ಹೋಗಿದೆಯಾ?

ಕಾಗದದಲ್ಲಿ ಹೋಗಿದೆ. ಸೈನಿಕರಂಥ ಕೆಲವರನ್ನು ಬಿಟ್ಟರೆ ಗೇಣಿಗೆ ಕೊಡುವಂತಿಲ್ಲ. ಆದರೆ ಮಕ್ಕಳೆಲ್ಲ ಬೆಂಗಳೂರು ಸೇರಿದ ಮನೆಯ ಗದ್ದೆಯನ್ನು ಯಾರೋ ಮಾಡುತ್ತಿದ್ದಾರೆ ಅಲ್ವಾ? ಬಾಯಿಮಾತಿನ ಗೇಣಿ ಅದು. ಮಾಡುವವನಿಗೆ ಬೆಳೆಸಾಲ ಇಲ್ಲ, ಬೆಳೆ ವಿಮೆ ಇಲ್ಲ. ಮಳೆಗೆ ಕೊಳೆತರೆ ಪರಿಹಾರ ಬರುವುದು ಪಹಣಿಯಲ್ಲಿ ಹೆಸರಿದ್ದವರಿಗೆ. ಹಿಂದೆ ಡಿಕ್ಲರೇಷನ್ ಹಾಕಿ ಗೆದ್ದವರ ಮನೆಗಳೂ ಇಂಥ ಒಡೆಯರ ಸಾಲಿನಲ್ಲಿವೆ. ಈ ಬಗ್ಗೆ ಯಾವ ಪಕ್ಷವೂ ಬಾಯಿ ಬಿಡುತ್ತಿಲ್ಲ.

ನಮ್ಮಜ್ಜನ ಡಿಕ್ಲರೇಷನ್ ಫೈಲ್ ನೋಡಬೇಕು. ಎಲ್ಲಿ ಸಿಗುತ್ತದೆ?

ನಿಮ್ಮ ತಾಲ್ಲೂಕು ಕಚೇರಿಯ ರೆಕಾರ್ಡ್ ರೂಮಿನಲ್ಲಿ ವಿಚಾರಿಸಿ. ಅಜ್ಜನ ಹೆಸರು, ಊರು, ಸರ್ವೆ ನಂಬರ್, ಆಗಿನ ಒಡೆಯರ ಹೆಸರು ಬರೆದುಕೊಂಡು ಹೋಗಿ. ಹಳೆಯ ಪಹಣಿ ಇದ್ದರೆ ಅದರ ಜೆರಾಕ್ಸ್ ಇರಲಿ. ಭೂನ್ಯಾಯ ಮಂಡಳಿಯ ಆದೇಶದ ನಕಲು ಕೇಳಿ. ಆದೇಶ ಆದ ಮೇಲೆ ಕೊಡುವ ಅಧಿಭೋಗದಾರಿಕೆ ಪತ್ರ ನಮೂನೆ 10, ಅದನ್ನೂ ಕೇಳಿ. ಎಷ್ಟೋ ಮನೆಗಳಲ್ಲಿ ಆದೇಶ ಆಗಿದೆ, ನಮೂನೆ 10 ತಂದಿಲ್ಲ, ಖಾತೆ ಬದಲಾಗಿಲ್ಲ. ಪಾಲು ಮಾಡಿಕೊಳ್ಳುವಾಗ ಅದು ತಲೆಗೆ ಬರುತ್ತದೆ. ‘ಫೈಲ್ ಸಿಕ್ತಿಲ್ಲ’ ಅಂದರೆ ಸುಮ್ನೆ ವಾಪಸ್ ಬರಬೇಡಿ, ಅದನ್ನೇ ಬರೆದುಕೊಡಿ ಅನ್ನಿ. ಕೊಡದಿದ್ದರೆ 10 ರೂಪಾಯಿ ಕಟ್ಟಿ ಮಾಹಿತಿ ಹಕ್ಕಿನಲ್ಲಿ ಅರ್ಜಿ ಹಾಕಿ. 30 ದಿನದಲ್ಲಿ ಉತ್ತರ ಕೊಡಬೇಕು.